ಕತ್ತಿ, ಬಯಲು, ಮೈಕು: ಸಂವಾದದ ಕಿರುಚಿತ್ರಕ್ಕೆ ಓದುಗರ ಪ್ರಶ್ನೆಗಳು

ಈ ಸಲ ಬಂದ ಪತ್ರಗಳಲ್ಲಿ ಹೆಚ್ಚಿನವು ತತ್ತ್ವದ ಮಾತುಕತೆಯ ಮೇಲೆಯೇ ನಿಲ್ಲುವ ಪ್ರಯೋಗಾತ್ಮಕ ಕಿರುಚಿತ್ರಗಳ ಕುರಿತು. ಧಾರವಾಡದ ಓದುಗರು ವಚನಗಳನ್ನು ಸಂವಾದವಾಗಿ ಹೆಣೆದ ಶೂನ್ಯಸಂಪಾದನೆಯಿಂದ, ಶರಣ ಅಲ್ಲಮ ಮತ್ತು ಸಿದ್ಧ ಗೋರಕ್ಷ ಎದುರಾಗುವ ಪ್ರಸಂಗವನ್ನು ಕೈಗೆತ್ತಿಕೊಂಡಿದ್ದಾರೆ. ಉಳಿದವರ ಪ್ರಶ್ನೆಗಳಿಗೂ ಅದೇ ಪ್ರಸಂಗವನ್ನು ಎದುರಿಗಿಟ್ಟುಕೊಂಡು ಉತ್ತರಿಸಿದ್ದೇವೆ.

ಗೋರಕ್ಷ ಪ್ರಸಂಗದಿಂದ ಹದಿನೈದು ಪುಟ ಸಂಭಾಷಣೆ ಬರೆದಿದ್ದೇನೆ. ಹತ್ತು ನಿಮಿಷದ ಚಿತ್ರ ಮಾಡುವ ಆಸೆ. ಓದಿದ ಗೆಳೆಯರು ‘ಇದು ರೇಡಿಯೋ ನಾಟಕ’ ಅನ್ನುತ್ತಾರೆ. ಎಲ್ಲಿ ತಪ್ಪಿದೆ?
— ಧಾರವಾಡ

ಮೊದಲು ಗಡಿಯಾರ ಇಟ್ಟುಕೊಂಡು ಇಡೀ ಸಂಭಾಷಣೆಯನ್ನು ಗಟ್ಟಿಯಾಗಿ ಓದಿ. ಪುಟಕ್ಕೊಂದು ನಿಮಿಷ ಎನ್ನುವ ಲೆಕ್ಕ ಇಂಗ್ಲಿಷ್ ಚಿತ್ರಕಥೆಯ ನಿಗದಿಯಾದ ಅಕ್ಷರದ ಗಾತ್ರ, ನಿಗದಿಯಾದ ಅಂಚಿಗೆ ಹೊಂದಿದ್ದು. ನಮ್ಮ ಬರಹಕ್ಕೆ, ಅದರಲ್ಲೂ ಬರೀ ಮಾತೇ ತುಂಬಿದ ಪುಟಕ್ಕೆ, ಅದು ಹೊಂದುವುದಿಲ್ಲ. ಯೋಚಿಸುತ್ತಾ, ಉಸಿರು ಬಿಡುತ್ತಾ ಆಡಿದರೆ ನಿಮಿಷಕ್ಕೆ 80–90 ಕನ್ನಡ ಪದಗಳೇ ಹೆಚ್ಚು. ಹತ್ತು ನಿಮಿಷದ ಚಿತ್ರದಲ್ಲಿ ಮಾತು ಆರು ನಿಮಿಷ ದಾಟದಿರಲಿ, ಅಂದರೆ ಸುಮಾರು 500 ಪದ. ನಿಮ್ಮ ಹದಿನೈದು ಪುಟದಲ್ಲಿ ಎರಡೂವರೆ ಸಾವಿರಕ್ಕೆ ಕಡಿಮೆ ಇರಲಾರದು. ಐದರಲ್ಲಿ ನಾಲ್ಕು ಪಾಲು ಹೋಗಬೇಕು.

ಯಾವುದು ಹೋಗಬೇಕು? ಒಂದು ಮಾತನ್ನು ಹೊಡೆದುಹಾಕಿ ನೋಡಿ. ಎದುರಿನವನ ಉತ್ತರ ಆಗಲೂ ಹಾಗೇ ನಿಂತರೆ ಆ ಮಾತು ಬೇಕಾಗಿರಲಿಲ್ಲ. ಉಳಿದ ಒಂದೊಂದು ಮಾತಿನ ಪಕ್ಕದಲ್ಲೂ ಪೆನ್ಸಿಲಿನಲ್ಲಿ ಒಂದು ಕ್ರಿಯಾಪದ ಬರೆಯಿರಿ: ಕೆಣಕುತ್ತಾನೆ, ನುಣುಚಿಕೊಳ್ಳುತ್ತಾನೆ, ಅಳೆಯುತ್ತಾನೆ, ಒಪ್ಪಿಕೊಳ್ಳುತ್ತಾನೆ. ‘ವಿವರಿಸುತ್ತಾನೆ’ ಎಂದು ಬರೆಯಬೇಕಾಗಿ ಬಂದ ಕಡೆಯೆಲ್ಲ ಗೆಳೆಯರು ಹೇಳಿದ ರೇಡಿಯೋ ನಾಟಕ ಕೂತಿದೆ.

ನೀವು ಆರಿಸಿಕೊಂಡ ಪ್ರಸಂಗ ಮಾತ್ರ ಸಿನಿಮಾಕ್ಕೆ ಹೇಳಿಮಾಡಿಸಿದ್ದು. ಗೋರಕ್ಷ ಕಾಯಸಿದ್ಧಿ, ಅಂದರೆ ಅಳಿಯದ ದೇಹ, ಪಡೆದವನು, ತನ್ನದು ವಜ್ರದೇಹ ಎನ್ನುತ್ತಾನೆ. ಅಲ್ಲಮ ಕತ್ತಿ ಬೀಸಿದಾಗ ಅವನ ಮೈ ಖಣಿಲೆನ್ನುತ್ತದೆ. ಅದೇ ಕತ್ತಿಯನ್ನು ಗೋರಕ್ಷ ಅಲ್ಲಮನ ಮೇಲೆ ಬೀಸಿದರೆ ಬಯಲಲ್ಲಿ ಬೀಸಿದ ಹಾಗೆ ಹಾದುಹೋಗುತ್ತದೆ. ವಾದದ ತೀರ್ಪನ್ನು ಒಂದು ಸದ್ದು, ಒಂದು ಸದ್ದಿಲ್ಲದಿರುವಿಕೆ ಎರಡೇ ಹೇಳಿಬಿಡುತ್ತವೆ. ಹಾಗಿರುವಾಗ ದೇಹ ನಿತ್ಯವೋ ಅನಿತ್ಯವೋ ಎಂಬ ಚರ್ಚೆಯನ್ನು ಕತ್ತಿಗಿಂತ ಮುಂಚೆಯೇ ಮುಗಿಸಿಟ್ಟರೆ ಕತ್ತಿಗೆ ಮಾಡಲು ಕೆಲಸವೇ ಉಳಿಯುವುದಿಲ್ಲ. ಮೊದಲ ಮೂರು ನಿಮಿಷ ಸವಾಲು, ಆಮೇಲೆ ಮೊದಲ ಏಟು, ನಡುವೆ ಗೋರಕ್ಷನ ಗೆಲುವಿನ ಮಾತು, ಆಮೇಲೆ ಎರಡನೇ ಏಟು. ಅದಾದ ಮೇಲೆ ಗೋರಕ್ಷನ ಮುಖದ ಮೇಲೆ ಹತ್ತು ಹನ್ನೆರಡು ಸೆಕೆಂಡ್ ಯಾರೂ ಮಾತಾಡದಿರಲಿ. ಇಂಥ ಚಿತ್ರದಲ್ಲಿ ವಿಚಾರ ಕಾಣಿಸುವುದು ಆಡುವವನ ಬಾಯಲ್ಲಲ್ಲ, ಕೇಳುವವನ ಮುಖದಲ್ಲಿ.

ಕತ್ತಿಯ ಬಗ್ಗೆ ಒಂದು ಎಚ್ಚರಿಕೆ. ಮೊಂಡು ಕತ್ತಿಯಾದರೂ ಮನುಷ್ಯನ ಕಡೆ ಬೀಸಬೇಡಿ. ಹಗುರ ಮರದ ಕತ್ತಿಗೆ ಬೆಳ್ಳಿಬಣ್ಣ ಸಾಕು. ನಟನಿಗಿಂತ ಎರಡು ಅಡಿ ಕ್ಯಾಮೆರಾದ ಕಡೆಗೆ ಸರಿದು, ಖಾಲಿ ಜಾಗದಲ್ಲಿ ಬೀಸಿ. ದೂರದಲ್ಲಿ ನಿಂತು ಉದ್ದನೆಯ ಲೆನ್ಸಿನಲ್ಲಿ ಹಿಡಿದರೆ ನಡುವಿನ ಅಂತರ ಕಾಣುವುದಿಲ್ಲ. ಎರಡನೇ ಏಟಿಗೆ ಗ್ರಾಫಿಕ್ಸ್ ಬೇಕೇ ಬೇಕೆಂದಿಲ್ಲ. ಬೀಸುವ ಕೈ ಒಂದು ಶಾಟ್, ಅಲುಗದ ಅಲ್ಲಮನ ಕಣ್ಣು ಒಂದು ಶಾಟ್, ತಡೆ ಸಿಗದೆ ಆಯ ತಪ್ಪಿ ಮುಗ್ಗರಿಸುವ ಗೋರಕ್ಷ ಒಂದು ಶಾಟ್. ಆ ಮುಗ್ಗರಿಕೆಯೇ ಬಯಲನ್ನು ನಂಬಿಸುತ್ತದೆ.

ಶೂನ್ಯಸಂಪಾದನೆ ಒಂದೇ ಪಠ್ಯವಲ್ಲ ಎಂಬುದೂ ನೆನಪಿರಲಿ. 15ನೇ ಶತಮಾನದಲ್ಲಿ ಶಿವಗಣಪ್ರಸಾದಿ ಮಹಾದೇವಯ್ಯ ಮೊದಲು ಸಂಪಾದಿಸಿದ. ಆಮೇಲೆ ಹಲಗೆಯಾರ್ಯ, ಗುಮ್ಮಳಾಪುರದ ಸಿದ್ಧಲಿಂಗ ಯತಿ, ಗೂಳೂರು ಸಿದ್ಧವೀರಣ್ಣೊಡೆಯರು ತಮ್ಮ ತಮ್ಮ ರೀತಿಯಲ್ಲಿ ಬೆಳೆಸಿದರು. ಪ್ರಸಂಗಗಳ ಜೋಡಣೆ ಒಂದರಿಂದೊಂದಕ್ಕೆ ಬೇರೆ. ಒಂದನ್ನು ಹಿಡಿದು ಅದಕ್ಕೇ ನಿಷ್ಠರಾಗಿರಿ. ಬಿಡಿ ವಚನಗಳನ್ನು ಎದುರುಬದುರು ಕೂರಿಸಿ, ನಡುವೆ ಗದ್ಯದ ಹೊಲಿಗೆ ಹಾಕಿ ಸಂವಾದ ಕಟ್ಟಿದವರು ಅವರು. ಸಿನಿಮಾದ ಸಂಕಲನಕಾರನಿಗೆ ಇದಕ್ಕಿಂತ ಒಳ್ಳೆಯ ಪಾಠ ಸಿಗುವುದು ಕಷ್ಟ. ಎರಡು ಬೇರೆ ಹೊತ್ತಿನ ಮಾತುಗಳು ಪಕ್ಕಪಕ್ಕ ಬಂದಾಗ ಮೂರನೆಯ ಅರ್ಥ ಹೇಗೆ ಏಳುತ್ತದೆ ಎಂಬುದನ್ನು ಅಲ್ಲಿ ಪುಟಪುಟದಲ್ಲೂ ನೋಡಬಹುದು.

ಭಾಷೆ ಗ್ರಾಂಥಿಕವಾಗಿರಬೇಕೇ, ಆಡುಮಾತೇ? ನಮ್ಮ ನಟರು ಬಾಯಿಬಿಟ್ಟರೆ ಉಪನ್ಯಾಸದ ಹಾಗೆ ಕೇಳುತ್ತದೆ.
— ಮೈಸೂರು

ವಚನವನ್ನು ವಚನವಾಗಿ ಬಳಸುವಾಗ ಒಂದಕ್ಷರವನ್ನೂ ಬದಲಿಸಬೇಡಿ. ಉಳಿದ ಮಾತು ಆಡುಗನ್ನಡದಲ್ಲಿರಲಿ. ಎರಡನ್ನೂ ಒಂದೇ ವಾಕ್ಯದಲ್ಲಿ ಕಲಸಿದರೆ ಕಿವಿ ಒಪ್ಪುವುದಿಲ್ಲ. ‘ದೇಹವು ನಶ್ವರವೆಂಬ ಅರಿವು ನಿನಗಿಲ್ಲವೇ?’ ಎಂದು ಬರೆದರೆ ಎಂಥ ನಟನೂ ಉಪನ್ಯಾಸಕನಾಗುತ್ತಾನೆ. ‘ಈ ಮೈ ಎಷ್ಟು ದಿನ ಇರ್ತದೆ?’ ಎಂದರೆ ಎದುರಿನವನು ತನ್ನ ಕೈಯನ್ನೇ ಒಮ್ಮೆ ನೋಡಿಕೊಳ್ಳುತ್ತಾನೆ. ಪ್ರಶ್ನೆ ಅದೇ, ತೂಕವೂ ಅದೇ.

ಕನ್ನಡಕ್ಕೆ ಸಿಕ್ಕ ಒಂದು ಅನುಕೂಲವನ್ನು ಬಿಡಬೇಡಿ. ಇಬ್ಬರೂ ಸಿದ್ಧರು, ಸರಿಸಮರು, ಸವಾಲಿಗೆ ನಿಂತವರು; ಇಬ್ಬರೂ ‘ನೀನು’ ಎಂದೇ ಮಾತಾಡಲಿ. ಮೊದಲೇ ‘ತಾವು’ ಬಂದರೆ ಕಾವು ಇಳಿಯುತ್ತದೆ. ಕೊನೆಯಲ್ಲಿ ಗೋರಕ್ಷನ ಬಾಯಲ್ಲಿ ಮೊದಲ ಸಲ ‘ನೀವು’ ಬಂದರೆ ಸೋಲನ್ನೂ ಶರಣಾಗತಿಯನ್ನೂ ಅದೊಂದೇ ಪದ ಹೇಳುತ್ತದೆ. ಅದರ ಮೇಲೆ ಇನ್ನೊಂದು ಸಾಲು ಬರೆದರೆ ಕೆಡುತ್ತದೆ.

ನಟರ ಕಡೆಯಿಂದ ಆಗುವ ದೊಡ್ಡ ತಪ್ಪು ವಾಕ್ಯದ ಬಾಲ ನುಂಗುವುದು. ನಮ್ಮ ಭಾಷೆಯಲ್ಲಿ ಕ್ರಿಯಾಪದ ಕೊನೆಗೆ, ‘ಅಲ್ಲ’, ‘ಇಲ್ಲ’ ಕೂಡ ಕೊನೆಗೆ. ಗಂಭೀರವಾಗಿ ಮಾತಾಡಬೇಕೆಂದು ದನಿ ಇಳಿಸುತ್ತಾ ಹೋದರೆ ಆ ‘ಅಲ್ಲ’ ಮೈಕಿಗೆ ಸಿಗುವುದಿಲ್ಲ, ಸಿದ್ಧಾಂತವೇ ತಲೆಕೆಳಗಾಗುತ್ತದೆ. ತಾಲೀಮಿನಲ್ಲಿ ಪ್ರತಿ ವಾಕ್ಯದ ಕೊನೆಯ ಪದವನ್ನು ಮಾತ್ರ ಹೇಳಿಸಿ ಒಂದು ಸುತ್ತು ಓಡಿಸಿ. ವಾದ ಎಲ್ಲಿ ತಿರುಗುತ್ತದೆಂದು ನಟರಿಗೇ ಗೊತ್ತಾಗುತ್ತದೆ.

ಕೈಗೆ ಕೆಲಸ ಕೊಡಿ. ಗೋರಕ್ಷ ಕತ್ತಿಯನ್ನು ಎಣ್ಣೆಬಟ್ಟೆಯಲ್ಲಿ ಒರೆಸುತ್ತಾ ಮಾತಾಡಲಿ. ಹರಿಹರನ ರಗಳೆಯಲ್ಲಿ ಅಲ್ಲಮ ಮದ್ದಳೆಗಾರ. ಕಲ್ಲಿನ ಮೇಲೆ ಅವನ ಎರಡು ಬೆರಳು ಅರಿವಿಲ್ಲದೆ ಆಡಿದರೆ ಸಾಕು, ಹಿಂದಿನ ಬದುಕಿನ ಕತೆ ಹೇಳಬೇಕಿಲ್ಲ. ಹೊಸ ನಟರಾದರೆ ದಿನಕ್ಕೆ ಎರಡು ಗಂಟೆಯಂತೆ ಆರು ದಿನ ತಾಲೀಮು ಬೇಕು. ಅದರಲ್ಲಿ ಕೊನೆಯ ಎರಡು ದಿನ ಚಿತ್ರೀಕರಣದ ಜಾಗದಲ್ಲೇ ನಡೆಯಲಿ.

ಎರಡು ಮೊಬೈಲ್ ಇಟ್ಟು ಶೂಟ್ ಮಾಡಿದೆವು. ಇಬ್ಬರೂ ಒಬ್ಬರನ್ನೊಬ್ಬರು ನೋಡುತ್ತಿಲ್ಲ ಅನಿಸುತ್ತದೆ, ಟ್ಯೂಬ್‌ಲೈಟ್ ಮಿನುಗುತ್ತದೆ, ಕೊನೆಕೊನೆಗೆ ತುಟಿಗೂ ಮಾತಿಗೂ ಹೊಂದುವುದಿಲ್ಲ.
— ತುಮಕೂರು

ಮೂರಕ್ಕೂ ಬೇರೆ ಬೇರೆ ಕಾರಣ.

ಇಬ್ಬರ ಮೂಗಿನ ನಡುವೆ ಒಂದು ಗೆರೆ ಎಳೆದಂತೆ ಊಹಿಸಿ. ನೆಲದ ಮೇಲೆ ಸೀಮೆಸುಣ್ಣದಿಂದ ಎಳೆದರೆ ಇನ್ನೂ ಒಳ್ಳೆಯದು. ಎರಡೂ ಕ್ಯಾಮೆರಾ ಆ ಗೆರೆಯ ಒಂದೇ ಬದಿಯಲ್ಲಿರಬೇಕು. ಆಗ ಒಬ್ಬ ಯಾವಾಗಲೂ ಎಡದಿಂದ ಬಲಕ್ಕೆ, ಇನ್ನೊಬ್ಬ ಬಲದಿಂದ ಎಡಕ್ಕೆ ನೋಡುತ್ತಾನೆ. ನಿಮ್ಮದರಲ್ಲಿ ಒಂದು ಮೊಬೈಲ್ ಗೆರೆ ದಾಟಿರಬೇಕು, ಹಾಗಾಗಿ ಇಬ್ಬರೂ ಒಂದೇ ಕಡೆ ನೋಡುವಂತೆ ಕಾಣುತ್ತಾರೆ. ಎತ್ತರವೂ ಹೊಂದಬೇಕು. ಒಬ್ಬ ಕೂತು ಇನ್ನೊಬ್ಬ ನಿಂತಿದ್ದರೆ ಕೂತವನ ನೋಟ ಲೆನ್ಸಿನಿಂದ ಮೇಲಕ್ಕೆ, ನಿಂತವನದು ಕೆಳಕ್ಕೆ. ನೋಟ ಲೆನ್ಸಿಗೆ ಹತ್ತಿರವಾದಷ್ಟೂ ಪ್ರೇಕ್ಷಕ ಮಾತಿನೊಳಗೆ ಬರುತ್ತಾನೆ. ಮೊದಲು ಪಕ್ಕದಿಂದ ತೋರಿಸಿ, ವಾದ ಬಿಗಿಯಾದಂತೆ ಲೆನ್ಸಿನ ಹತ್ತಿರಕ್ಕೆ ತನ್ನಿ. ಪ್ರಯೋಗಕ್ಕಾಗಿ ಗೆರೆ ದಾಟುವುದಿದ್ದರೆ ಇಡೀ ಚಿತ್ರದಲ್ಲಿ ಒಂದೇ ಸಲ ದಾಟಿ. ಕತ್ತಿ ಹಾದುಹೋದ ಮೇಲೆ ದಾಟಿದರೆ ಅದಕ್ಕೊಂದು ಅರ್ಥ ಇರುತ್ತದೆ.

ಕ್ಲೋಸಪ್‌ಗೆ ಮೊಬೈಲನ್ನು ಮುಖದ ಹತ್ತಿರ ಒಯ್ಯಬೇಡಿ, ಮೂಗು ಉಬ್ಬುತ್ತದೆ. 2ಎಕ್ಸ್ ಅಥವಾ 3ಎಕ್ಸ್ ಲೆನ್ಸ್ ಹಾಕಿ ಹಿಂದೆ ಸರಿಯಿರಿ.

ಮಿನುಗುವುದು ವಿದ್ಯುತ್ತಿನಿಂದ. ನಮ್ಮ ಕರೆಂಟು 50 ಹರ್ಟ್ಸ್, ದೀಪ ಸೆಕೆಂಡಿಗೆ 100 ಸಲ ಏರಿಳಿಯುತ್ತದೆ. ಸೆಕೆಂಡಿಗೆ 25 ಫ್ರೇಮ್, ಶಟರ್ 1/50 ಇಟ್ಟರೆ ಹೊಂದುತ್ತದೆ. 30 ಫ್ರೇಮ್, 1/60 ಇಟ್ಟರೆ ಪಟ್ಟೆಗಳು ಓಡುತ್ತವೆ. ಎಕ್ಸ್‌ಪೋಷರ್, ಫೋಕಸ್, ವೈಟ್ ಬ್ಯಾಲೆನ್ಸ್ ಮೂರನ್ನೂ ಲಾಕ್ ಮಾಡಲು ಬಿಡುವ ಆ್ಯಪ್ ಬಳಸಿ.

ತುಟಿ ತಪ್ಪುವುದಕ್ಕೆ ಮೊಬೈಲುಗಳು ಫ್ರೇಮ್ ವೇಗವನ್ನು ಹೆಚ್ಚುಕಮ್ಮಿ ಮಾಡುತ್ತಾ ಹೋಗುವುದೇ ಸಾಮಾನ್ಯ ಕಾರಣ. ಉದ್ದನೆಯ ಟೇಕಿನ ಕೊನೆಯಲ್ಲಿ ಅದು ಎದ್ದು ಕಾಣುತ್ತದೆ. ಎಡಿಟಿಂಗಿಗೆ ಹಾಕುವ ಮುನ್ನ ಹ್ಯಾಂಡ್‌ಬ್ರೇಕ್‌ನಂಥ ಉಚಿತ ತಂತ್ರಾಂಶದಲ್ಲಿ ಕಾನ್‌ಸ್ಟಂಟ್ ಫ್ರೇಮ್‌ರೇಟ್ ಆಯ್ದು ಪರಿವರ್ತಿಸಿ. ಮುಂದಿನ ಸಲ ಟೇಕಿನ ಮೊದಲಲ್ಲೂ ಕೊನೆಯಲ್ಲೂ ಒಂದೊಂದು ಚಪ್ಪಾಳೆ ಹೊಡೆಯಿರಿ. ಎರಡು ಕಡೆಯೂ ಒಂದೇ ಅಳತೆಗೆ ತಪ್ಪಿದ್ದರೆ ಧ್ವನಿಯನ್ನು ಸರಿಸಿದರೆ ಸಾಕು. ಕೊನೆಯಲ್ಲಿ ಮಾತ್ರ ತಪ್ಪಿದ್ದರೆ ಕಾರಣ ಫ್ರೇಮ್ ವೇಗದ್ದು.

ಕಲ್ಲಿನ ಮಂಟಪದಲ್ಲಿ ತೆಗೆದೆವು. ಚಿತ್ರ ಚೆನ್ನಾಗಿದೆ, ಮಾತೆಲ್ಲ ಗುಂಯ್‌ಗುಡುತ್ತದೆ. ಡಬ್ಬಿಂಗ್ ಮಾಡಿದರೆ ಜೀವ ಹೋಗುತ್ತದೆ. ಖಣಿಲ್ ಸದ್ದು ಹೇಗೆ ತರುವುದು?
— ದಾವಣಗೆರೆ

ಮಾತಿನ ಚಿತ್ರಕ್ಕೆ ಹಣ ಹಾಕುವುದಿದ್ದರೆ ಮೊದಲು ಧ್ವನಿಗೆ ಹಾಕಿ, ಕ್ಯಾಮೆರಾಕ್ಕಲ್ಲ. ಮಸುಕಾದ ಚಿತ್ರವನ್ನು ಜನ ಸಹಿಸುತ್ತಾರೆ, ಮಾತು ತಿಳಿಯದಿದ್ದರೆ ಎದ್ದು ಹೋಗುತ್ತಾರೆ. ಮಾರ್ದನಿಯನ್ನು ಆಮೇಲೆ ಸೇರಿಸಬಹುದು, ಅಂಟಿಕೊಂಡಿದ್ದನ್ನು ಪೂರ್ತಿ ತೆಗೆಯಲಾಗದು. ಆದ್ದರಿಂದ ಜಾಗದಲ್ಲೇ ಅದನ್ನು ಕೊಲ್ಲಬೇಕು. ಚೌಕಟ್ಟಿನ ಹೊರಗೆ ಕಂಬದಿಂದ ಕಂಬಕ್ಕೆ ಹಗ್ಗ ಕಟ್ಟಿ ಕಂಬಳಿ, ರಜಾಯಿ ತೂಗುಹಾಕಿ. ನೆಲಕ್ಕೆ ಜಮಖಾನ ಎರಡು ಮಡಿಕೆ. ನಟರ ಎದುರಿನ ಗೋಡೆಯನ್ನು ಮೊದಲು ಮುಚ್ಚಿ. ದನಿ ಅಲ್ಲಿಗೆ ಬಡಿದೇ ವಾಪಸು ಬರುವುದು.

ಕೋಲಿನ ತುದಿಗೆ ಕಟ್ಟುವ ಬೂಮ್ ಮೈಕ್ ತಲೆಯಿಂದ ಒಂದೂವರೆ ಅಡಿ ಮೇಲಿರಲಿ, ಮೂತಿ ಬಾಯಿಯ ಕಡೆ ಇರಲಿ. ಅಂಗಿಗೆ ಸಿಕ್ಕಿಸುವ ಲೇಪಲ್ ಮೈಕನ್ನು ಗಲ್ಲದಿಂದ ಒಂದು ಗೇಣು ಕೆಳಗೆ ಕೂರಿಸಿ. ಅಲ್ಲಮ, ಗೋರಕ್ಷರ ವೇಷದಲ್ಲಿ ರುದ್ರಾಕ್ಷಿ ಸರ ಇರುತ್ತದೆ. ಅದು ಲೇಪಲ್ ಮೈಕಿಗೆ ತಾಕಿ ಟಕಟಕ ಎನ್ನುತ್ತದೆ, ಮಾತಿನ ನಡುವೆ ಬಂದರೆ ತೆಗೆಯಲು ಆಗುವುದಿಲ್ಲ. ಸರವನ್ನು ಎರಡು ಮೂರು ಕಡೆ ದಾರದಿಂದ ಬಟ್ಟೆಗೆ ಹೊಲಿದುಬಿಡಿ. ಬಟ್ಟೆ ನೂಲಿನದಾಗಿರಲಿ, ರೇಷ್ಮೆ ಮತ್ತು ಪಾಲಿಯೆಸ್ಟರ್ ಸರಸರ ಎನ್ನುತ್ತವೆ. ರೆಕಾರ್ಡರಿನಲ್ಲಿ 48 ಕಿಲೋಹರ್ಟ್ಸ್, 24 ಬಿಟ್. ಜೋರಿನ ಮಾತು ಮೈನಸ್ 12 ಡೆಸಿಬೆಲ್ ಆಸುಪಾಸು ಮುಟ್ಟಲಿ, ಸೊನ್ನೆ ಮುಟ್ಟಿದರೆ ಒಡೆಯುತ್ತದೆ, ಆಮೇಲೆ ಸರಿಹೋಗದು.

ಬೆಳಿಗ್ಗೆ ಆರರ ಹಕ್ಕಿ ಹತ್ತು ಗಂಟೆಗೆ ಕೂಗುವುದಿಲ್ಲ. ಅಲ್ಲಮನ ಮಾತುಗಳನ್ನು ಬೆಳಿಗ್ಗೆ, ಗೋರಕ್ಷನವನ್ನು ಮಧ್ಯಾಹ್ನ ತೆಗೆದರೆ ಕತ್ತರಿಸಿ ಜೋಡಿಸಿದಾಗ ಹಿನ್ನೆಲೆ ಪದೇ ಪದೇ ಜಿಗಿಯುತ್ತದೆ. ಒಂದು ತುಣುಕಿನ ಎರಡೂ ಕಡೆಯನ್ನು ಒಂದೇ ಹೊತ್ತಿನಲ್ಲಿ ಮುಗಿಸಿ. ಆಮೇಲೆ ಎಲ್ಲರೂ ಇದ್ದಲ್ಲೇ ನಿಂತು, ಉಸಿರು ಹಿಡಿದು, ಜಾಗದ ಬರಿ ಸದ್ದನ್ನು ಒಂದು ನಿಮಿಷ ದಾಖಲಿಸಿ. ಮಾತು–ಮಾತಿನ ನಡುವಿನ ಕಂದಕ ತುಂಬುವುದು ಇದರಿಂದಲೇ.

ಈಗ ತೆಗೆದಿರುವುದನ್ನು ಉಳಿಸಲು ಒಂದು ದಾರಿ ಇದೆ. ಸ್ಟುಡಿಯೋ ಡಬ್ಬಿಂಗ್ ಬೇಡ. ಅದೇ ಮಂಟಪಕ್ಕೆ ಅದೇ ಹೊತ್ತಿನಲ್ಲಿ ಹೋಗಿ, ಕಂಬಳಿ ಕಟ್ಟಿ, ನಟರನ್ನು ಎದುರುಬದುರು ಕೂರಿಸಿ. ಒಂದೊಂದು ಸಾಲನ್ನೂ ಹಳೆಯ ಟೇಕಿನಿಂದ ಕಿವಿಯಲ್ಲಿ ಕೇಳಿಸಿ, ತಕ್ಷಣ ಮೂರು ಸಲ ಹೇಳಿಸಿ. ಎದುರಿಗೆ ಮನುಷ್ಯ ಇದ್ದಾಗ ಜೀವ ಅಷ್ಟು ಸುಲಭಕ್ಕೆ ಹೋಗುವುದಿಲ್ಲ.

ಖಣಿಲ್ ಸದ್ದಿಗೆ ಹಾರೆಯನ್ನಾಗಲಿ, ಹಳ್ಳಿ ಶಾಲೆಯಲ್ಲಿ ಗಂಟೆ ಮಾಡಿ ಕಟ್ಟಿದ ರೈಲು ಕಂಬಿಯ ತುಂಡನ್ನಾಗಲಿ ಹಗ್ಗಕ್ಕೆ ತೂಗುಹಾಕಿ ಸ್ಪ್ಯಾನರಿನಿಂದ ಹೊಡೆಯಿರಿ. ಕೈಯಲ್ಲಿ ಹಿಡಿದು ಹೊಡೆದರೆ ಟಕ್ ಎಂದು ಸಾಯುತ್ತದೆ, ತೂಗಿದರೇ ಅನುರಣನ. ಅದರ ಕೆಳಗೆ ಮರದ ಕೊರಡಿಗೆ ಬಿದ್ದ ಏಟಿನ ಮಂದ ಸದ್ದೊಂದನ್ನು ಸೇರಿಸಿದರೆ ಮೈಗೆ ಬಿದ್ದಂತಾಗುತ್ತದೆ. ಎರಡನೇ ಏಟಿನ ಮೌನವನ್ನು ಪೂರ್ತಿ ಸೊನ್ನೆ ಮಾಡಬೇಡಿ, ಸ್ಪೀಕರ್ ಕೆಟ್ಟಿತೆಂದು ಜನ ತಿರುಗಿ ನೋಡುತ್ತಾರೆ. ಏಟಿಗೆ ಇಪ್ಪತ್ತು ಸೆಕೆಂಡ್ ಮುಂಚಿನಿಂದ ಜೀರುಂಡೆ, ಗಾಳಿಯ ಸದ್ದನ್ನು ಗೊತ್ತಾಗದ ಹಾಗೆ ಏರಿಸುತ್ತಾ ಬನ್ನಿ. ಕತ್ತಿ ಹಾಯುವ ಕ್ಷಣ ಅವನ್ನು ನಿಲ್ಲಿಸಿ ಜಾಗದ ಬರಿ ಸದ್ದನ್ನಷ್ಟೇ ಉಳಿಸಿ. ಬಯಲು ಕಿವಿಗೆ ಕೇಳುತ್ತದೆ.

ಒಬ್ಬನೇ ನಟ ಎರಡೂ ಪಾತ್ರ ಮಾಡಿದರೆ ಹೇಗೆ? ತತ್ತ್ವಕ್ಕೂ ಹೊಂದುತ್ತದಲ್ಲವೇ?
— ಕಲಬುರಗಿ

ಹೊಂದುತ್ತದೆ, ಆದರೆ ತಂತ್ರ ಒಂದಿಷ್ಟು ಜಾರಿದರೂ ಜನ ಅದನ್ನೇ ನೋಡುತ್ತಾ ಕೂರುತ್ತಾರೆ. ಟ್ರೈಪಾಡಿನ ಕಾಲಿಗೆ ಮರಳು ಚೀಲ ಕಟ್ಟಿ, ಎರಡೂ ಪಾತ್ರದ ಟೇಕ್ ಮುಗಿಯುವವರೆಗೆ ಕ್ಯಾಮೆರಾ ಮುಟ್ಟಬೇಡಿ. ಅಲುಗಾಟ ತಡೆಯುವ ಮೊಬೈಲಿನ ಸ್ಟೆಬಿಲೈಸೇಷನ್ ಆಫ್ ಮಾಡಿ, ಇಲ್ಲದಿದ್ದರೆ ಚೌಕಟ್ಟು ತಾನೇ ಸೂಕ್ಷ್ಮವಾಗಿ ಅಲುಗುತ್ತದೆ. ಚೌಕಟ್ಟಿನ ನಡುವೆ ಒಂದು ಕಂಬ ಬರುವಂತೆ ಇಟ್ಟರೆ ಜೋಡಣೆಯ ಗೆರೆಯನ್ನು ಅದರ ಅಂಚಿನಲ್ಲಿ ಅಡಗಿಸಬಹುದು. ಕೈ ಮಾತ್ರವಲ್ಲ, ನೆರಳೂ ಆ ಗೆರೆ ದಾಟಬಾರದು. ಬಿಸಿಲಿನಲ್ಲಿ ಬೇಡ: ವೇಷ ಬದಲಿಸುವ ಅರ್ಧ ಗಂಟೆಯಲ್ಲಿ ನೆರಳು ಸರಿದು ಎರಡು ಅರ್ಧಗಳು ಎರಡು ಹೊತ್ತಾಗುತ್ತವೆ. ದೀಪದ ಬೆಳಕೇ ವಾಸಿ.

ಹೆಚ್ಚು ಕೇಳುವ ಪಾತ್ರವನ್ನಲ್ಲ, ಹೆಚ್ಚು ಆಡುವ ಪಾತ್ರವನ್ನು ಮೊದಲು ತೆಗೆಯಿರಿ. ಇನ್ನೊಬ್ಬರು ಕ್ಯಾಮೆರಾ ಹಿಂದೆ ಎದುರಿನ ಸಾಲು ಓದಲಿ. ಒಳ್ಳೆಯ ಟೇಕ್ ಆರಿಸಿ, ಅದರ ಧ್ವನಿಯನ್ನು ಎರಡನೇ ಸುತ್ತಿನಲ್ಲಿ ಸಣ್ಣ ಇಯರ್‌ಫೋನಿನಲ್ಲಿ ನಟನಿಗೆ ಕೇಳಿಸಿ. ಕೂದಲಿನಲ್ಲಿ ಅದು ಮರೆಯಾಗುತ್ತದೆ. ನೋಟಕ್ಕೆ ಎದುರು ಕಣ್ಣಿನ ಎತ್ತರದಲ್ಲಿ ಕೋಲಿನ ಮೇಲೆ ಬಣ್ಣದ ಟೇಪ್ ಅಂಟಿಸಿ. ಒಂದೇ ಶಾಟಿನಲ್ಲಿ ಇಬ್ಬರನ್ನೂ ತೋರಿಸುವುದು ಎರಡು ಮೂರು ಸಲ ಸಾಕು. ಉಳಿದದ್ದನ್ನು ಬದಲಿ ನಟನ ಭುಜದ ಮೇಲಿಂದ ತೆಗೆಯಬಹುದು.

ಹಿನ್ನೆಲೆಗೆ ಮಲ್ಲಿಕಾರ್ಜುನ ಮನ್ಸೂರರು ಹಾಡಿದ ವಚನ ಬಳಸಬಹುದೇ? ವಚನಕ್ಕೆ ಹಕ್ಕುಸ್ವಾಮ್ಯ ಇಲ್ಲವಲ್ಲ?
— ಉಡುಪಿ

ವಚನಕ್ಕಿಲ್ಲ, ಧ್ವನಿಮುದ್ರಣಕ್ಕಿದೆ. ನಮ್ಮ ಕಾಯ್ದೆಯಲ್ಲಿ ಧ್ವನಿಮುದ್ರಣದ ಹಕ್ಕು ಪ್ರಕಟವಾದ ವರ್ಷದ ನಂತರ 60 ವರ್ಷ. ರಾಗ ಸಂಯೋಜನೆ, ಇಂಗ್ಲಿಷ್ ಅನುವಾದ, ಆಧುನಿಕ ವ್ಯಾಖ್ಯಾನ ಇವಕ್ಕೆ ಕರ್ತೃವಿನ ಜೀವಿತ ಕಾಲ, ಅದರ ಮೇಲೆ 60 ವರ್ಷ. ಧ್ವನಿಮುದ್ರಣದ ಕಂಪನಿಯಿಂದ ಲಿಖಿತ ಒಪ್ಪಿಗೆ ಇಲ್ಲದೆ ಹಾಕಿದರೆ ಯೂಟ್ಯೂಬ್ ತಾನೇ ಗುರುತಿಸುತ್ತದೆ, ಚಿತ್ರೋತ್ಸವಗಳೂ ಪತ್ರ ಕೇಳುತ್ತವೆ. ಊರಿನ ಗಾಯಕರಿಂದ ಹೊಸ ಸಂಯೋಜನೆಯಲ್ಲಿ ಹಾಡಿಸಿ ಒಂದು ಪುಟದ ಒಪ್ಪಂದ ಬರೆಸಿಕೊಳ್ಳಿ. ನಮ್ಮ ಅಭಿಪ್ರಾಯ ಕೇಳಿದರೆ, ಈ ಪ್ರಸಂಗಕ್ಕೆ ಹಿನ್ನೆಲೆ ಹಾಡೇ ಬೇಡ.

ಇಂಗ್ಲಿಷ್ ಸಬ್‌ಟೈಟಲ್ ಮಾಡುತ್ತಿದ್ದೇನೆ. ‘ಬಯಲು’ ಎಂಬಲ್ಲಿ ಸಿಕ್ಕಿಬಿದ್ದಿದ್ದೇನೆ. ಕನ್ನಡ ಅಕ್ಷರಗಳೂ ಎಡಿಟಿಂಗಿನಲ್ಲಿ ಒಡೆಯುತ್ತವೆ.
— ಸಿಂಗಪುರ

‘ವಾಯ್ಡ್’ ಎಂದರೆ ಏನೂ ಇಲ್ಲದ ಕತ್ತಲು, ‘ಎಂಪ್ಟಿನೆಸ್’ ಎಂದರೆ ಕೊರತೆ. ನಮ್ಮ ಬಯಲು ಊರಾಚೆ ದನ ಮೇಯುವ ಬಯಲೂ ಹೌದು, ತೆರೆದದ್ದು, ತಡೆಯಿಲ್ಲದ್ದು. ಈ ಪ್ರಸಂಗಕ್ಕೆ ‘ಓಪನ್ ಸ್ಪೇಸ್’ ಹತ್ತಿರ. ಯಾವುದನ್ನೇ ಆರಿಸಿದರೂ ಮೊದಲಿನಿಂದ ಕೊನೆಯವರೆಗೆ ಅದೊಂದೇ ಪದ ಇರಲಿ, ಇಲ್ಲದಿದ್ದರೆ ಕನ್ನಡ ಬಾರದ ಪ್ರೇಕ್ಷಕರಿಗೆ ವಾದದ ಎಳೆ ತಪ್ಪುತ್ತದೆ. ಸಾಲಿಗೆ 42 ಅಕ್ಷರ, ಎರಡೇ ಸಾಲು, ಸೆಕೆಂಡಿಗೆ 15–17 ಅಕ್ಷರಕ್ಕಿಂತ ವೇಗ ಬೇಡ. ಇನ್ನೊಂದು ತೊಡಕು: ಕನ್ನಡದ ‘ಅಲ್ಲ’ ಕೊನೆಗೆ ಬಂದರೆ ಇಂಗ್ಲಿಷಿನದು ನಡುವೆಯೇ ಬಂದುಬಿಡುತ್ತದೆ. ಓದುವವರಿಗೆ ಉತ್ತರ ನಟನಿಗಿಂತ ಮೊದಲೇ ಸಿಗುತ್ತದೆ. ಅಂಥ ಸಾಲನ್ನು ಎರಡು ಸಬ್‌ಟೈಟಲ್ಲಾಗಿ ಒಡೆದು ಎರಡನೆಯದನ್ನು ನಟ ‘ಅಲ್ಲ’ ಎನ್ನುವ ಕ್ಷಣಕ್ಕೆ ತನ್ನಿ.

ಒತ್ತಕ್ಷರ ಒಡೆಯುವುದು ತಂತ್ರಾಂಶದ ಸೆಟ್ಟಿಂಗಿನಿಂದ. ಪ್ರೀಮಿಯರ್ ಪ್ರೊದಲ್ಲಿ ಪ್ರಿಫರೆನ್ಸಸ್‌ನ ಗ್ರಾಫಿಕ್ಸ್ ವಿಭಾಗಕ್ಕೆ ಹೋಗಿ ಟೆಕ್ಸ್ಟ್ ಎಂಜಿನ್ನನ್ನು ‘ಸೌತ್ ಏಷ್ಯನ್ ಆ್ಯಂಡ್ ಮಿಡಲ್ ಈಸ್ಟರ್ನ್’ ಮಾಡಿ, ನೋಟೋ ಸಾನ್ಸ್ ಕನ್ನಡದಂಥ ಯೂನಿಕೋಡ್ ಫಾಂಟ್ ಹಾಕಿ. ಆಗಲೂ ‘ತತ್ತ್ವ’, ‘ಸಿದ್ಧ’ ಎಂಬ ಎರಡು ಪದಗಳನ್ನು ಪರದೆಯ ಮೇಲೆ ದೊಡ್ಡದಾಗಿ ಹಾಕಿ ನೋಡಿಕೊಳ್ಳಿ.

ಚಿತ್ರ ಸಿದ್ಧವಾಗಿದೆ. ಯೂಟ್ಯೂಬಿಗೆ ಹಾಕಲೇ, ಉತ್ಸವಕ್ಕೆ ಕಳಿಸಲೇ? ಸೆನ್ಸಾರ್ ಬೇಕೇ?
— ಶಿವಮೊಗ್ಗ

ಮೊದಲು ಉತ್ಸವಕ್ಕೆ ಕಳಿಸಿ. ಅಂತರ್ಜಾಲದಲ್ಲಿ ಬಹಿರಂಗವಾಗಿ ಬಂದ ಚಿತ್ರವನ್ನು ಹಲವು ಉತ್ಸವಗಳು ತೆಗೆದುಕೊಳ್ಳುವುದಿಲ್ಲ. ಬೆಂಗಳೂರಿನಲ್ಲೇ ಅಂತರರಾಷ್ಟ್ರೀಯ ಕಿರುಚಿತ್ರೋತ್ಸವ ಇದೆ. ತಿರುವನಂತಪುರದಲ್ಲಿ ಸಾಕ್ಷ್ಯಚಿತ್ರ–ಕಿರುಚಿತ್ರಗಳಿಗೇ ಮೀಸಲಾದ ಉತ್ಸವ ನಡೆಯುತ್ತದೆ. ಅವಧಿ ನೋಡಿಕೊಳ್ಳಿ: ಆಸ್ಕರ್ ನಿಯಮದಲ್ಲಿ ಕಿರುಚಿತ್ರ ಎಂದರೆ ಹೆಸರುಗಳ ಪಟ್ಟಿ ಸೇರಿ ಹೆಚ್ಚೆಂದರೆ 40 ನಿಮಿಷ, ಕಾನ್ ಚಿತ್ರೋತ್ಸವದ ಸ್ಪರ್ಧೆಗೆ ಹೆಚ್ಚೆಂದರೆ 15 ನಿಮಿಷ. ಚಿತ್ರಮಂದಿರದಲ್ಲಿ ಸಾರ್ವಜನಿಕ ಪ್ರದರ್ಶನಕ್ಕೆ 1952ರ ಸಿನಿಮಾಟೋಗ್ರಾಫ್ ಕಾಯ್ದೆಯಂತೆ ಪ್ರಮಾಣಪತ್ರ ಬೇಕು. ಚಿತ್ರೋತ್ಸವಗಳು ವಿನಾಯಿತಿ ಪಡೆದುಕೊಳ್ಳುತ್ತವೆ. ಯೂಟ್ಯೂಬಿಗೆ ಸೆನ್ಸಾರ್ ಬೇಡ.

ಹಂಪಿಯಲ್ಲೋ ಬಳ್ಳಿಗಾವಿಯ ಕೇದಾರೇಶ್ವರದಲ್ಲೋ ತೆಗೆದಿದ್ದರೆ ಪುರಾತತ್ವ ಸರ್ವೇಕ್ಷಣ ಇಲಾಖೆಯ ಅನುಮತಿ ಪತ್ರ ಕೈಯಲ್ಲಿರಲಿ, ಆಮೇಲೆ ಹುಡುಕಿದರೆ ಸಿಗದು. ಕಳಿಸುವ ಮುನ್ನ ಚಿತ್ರವನ್ನು ಒಂದು ಸಲ ದೊಡ್ಡ ಸ್ಪೀಕರಿನಲ್ಲಿ, ಒಂದು ಸಲ ಮೊಬೈಲಿನ ಸ್ಪೀಕರಿನಲ್ಲಿ, ಪ್ರಸಂಗ ಗೊತ್ತಿಲ್ಲದ ಒಬ್ಬರನ್ನು ಪಕ್ಕ ಕೂರಿಸಿಕೊಂಡು ಕೇಳಿ. ಅವರು ಯಾವ ‘ಅಲ್ಲ’ ಕೇಳಿಸಲಿಲ್ಲ ಎನ್ನುತ್ತಾರೋ ಆ ಸಾಲಿನ ಧ್ವನಿಯನ್ನು ಎರಡು ಮೂರು ಡೆಸಿಬೆಲ್ ಏರಿಸಿ, ಆಮೇಲೆ ಕೊನೆಯ ಪ್ರತಿ ತೆಗೆಯಿರಿ.